ಸುಸ್ತೊ, ಇನ್ಸುಲಿನ್ ಮತ್ತು ಅಜ್ಜಿಯ 'ಸೀ, ಸೀ'

ಪ್ರಶ್ನೆ: ಟೆಕ್ಸಾಸ್‌ನ ಸ್ಯಾನ್ ಆಂಟೋನಿಯೋದಲ್ಲಿ ನರ್ಸ್ ಆಗಿದ್ದೇನೆ. ವಯಸ್ಸಾದ ಮೆಕ್ಸಿಕನ್-ಅಮೆರಿಕನ್ನರು ಸಕ್ಕರೆ ಕಾಯಿಲೆ 'ಸುಸ್ತೊ'ದಿಂದ ಬಂತು, ಇನ್ಸುಲಿನ್ ಚುಚ್ಚಿಕೊಂಡರೆ ಕಣ್ಣು ಹೋಗುತ್ತದೆ ಎನ್ನುತ್ತಾರೆ. ಎದುರಿಗೆ 'ಸೀ, ಸೀ' (ಸ್ಪ್ಯಾನಿಷ್‌ನಲ್ಲಿ 'ಹೌದು, ಹೌದು') ಎಂದು ತಲೆಯಾಡಿಸಿ, ಮನೆಯಲ್ಲಿ ಔಷಧಿ ಮುಟ್ಟುವುದಿಲ್ಲ. ಏನು ಮಾಡಲಿ?

ಉತ್ತರ: ಸುಸ್ತೊ ಎಂದರೆ ನಮ್ಮ ಸುಸ್ತಲ್ಲ, ದಿಗಿಲು. ಅಪಘಾತಕ್ಕೋ ಸಾವಿನ ಸುದ್ದಿಗೋ ಜೀವ ನಡುಗಿ ಕಾಯಿಲೆ ಹತ್ತಿತು ಎಂಬ ನಂಬಿಕೆ. ಅಲ್ಲಗಳೆಯುತ್ತ ಕೂರಬೇಡಿ. 'ಯಾವಾಗ ಬೆಚ್ಚಿದಿರಿ?' ಎಂದು ಕೇಳಿ. ಸುಸ್ತೊ ನಂಬುವ ಎಷ್ಟೋ ಜನ ವಂಶ, ಊಟಗಳೂ ಕಾರಣವೆಂದು ಒಪ್ಪುತ್ತಾರೆ. ಮಾತನ್ನು ಅಲ್ಲಿಂದ ಮುಂದುವರಿಸಿ.

ಇನ್ಸುಲಿನ್ ಭಯ ಕಣ್ಣಾರೆ ಕಂಡದ್ದರಿಂದ ಹುಟ್ಟಿದ್ದು. ಸಾಮಾನ್ಯವಾಗಿ ಮಾತ್ರೆಗಳು ಸೋತ ಮೇಲೆ ಸೂಜಿ ಬರುತ್ತದೆ. ಅಷ್ಟರಲ್ಲಿ ವರ್ಷಗಟ್ಟಲೆ ಏರಿದ ಸಕ್ಕರೆ ಕಣ್ಣಿನ ಹಿಂಬದಿಯ ಪರದೆಯಾದ ರೆಟಿನಾವನ್ನು ತಿಂದಿರುತ್ತದೆ, ಅಪವಾದ ಸೂಜಿಯ ತಲೆಗೆ. ಜೊತೆಗೆ, ಬಹುಕಾಲ ಏರಿದ್ದ ಸಕ್ಕರೆ ದಿಢೀರನೆ ಇಳಿದರೆ ಕೆಲವರಲ್ಲಿ ಮೊದಲ ತಿಂಗಳುಗಳಲ್ಲಿ ರೆಟಿನಾದ ಹಾನಿ ಹೆಚ್ಚುವುದೂ ಉಂಟು. ಇದನ್ನು ಮುಚ್ಚಿಡಬೇಡಿ. ಇನ್ಸುಲಿನ್ ಶುರು ಮಾಡುವ ಮೊದಲೇ ಪಾಪೆ ಹಿಗ್ಗಿಸಿ ಕಣ್ಣು ಪರೀಕ್ಷೆ ಮಾಡಿಸಿ, ವರದಿಯನ್ನು ಅವರಿಗೇ ತೋರಿಸಿ.

'ಸೀ' ಎನ್ನುವುದು ಒಪ್ಪಿಗೆಯಲ್ಲ, 'ರೆಸ್ಪೇತೊ': ಓದಿದವರಿಗೆ ಎದುರಾಡದ ಮರ್ಯಾದೆ. 'ಅರ್ಥವಾಯಿತಾ?' ಎಂದು ಕೇಳುವ ಬದಲು, ಎಷ್ಟು ಯೂನಿಟ್, ಎಲ್ಲಿ ಚುಚ್ಚುವುದು ಎಂದು ಮಾಡಿ ತೋರಿಸಲು ಹೇಳಿ. ನಿರ್ಧಾರ ಮನೆಯವರೆಲ್ಲರದು, ಆದ್ದರಿಂದ ಆರೈಕೆ ಮಾಡುವ ಮಗಳನ್ನು ಜೊತೆಗೆ ಕೂರಿಸಿ. ಮೊಮ್ಮಗನನ್ನು ದುಭಾಷಿ ಮಾಡಬೇಡಿ. ಕಹಿ ಮಾತುಗಳನ್ನು ಮಕ್ಕಳು ನುಂಗಿಬಿಡುತ್ತಾರೆ. ಅವರ ರೊಟ್ಟಿಯಾದ ಟೋರ್ಟಿಯಾ ಬಿಡಿ ಎನ್ನಲೂಬೇಡಿ. 6 ಇಂಚಿನ ಮೆಕ್ಕೆಜೋಳದ ಟೋರ್ಟಿಯಾಕ್ಕೆ ಸುಮಾರು 15 ಗ್ರಾಂ ಕಾರ್ಬೋಹೈಡ್ರೇಟ್ ಎಂದು ಎಣಿಸಲು ಕಲಿಸಿ. ನೊಪಾಲ್ ಕಳ್ಳಿ ಪಲ್ಯವಾಗಿ ಒಳ್ಳೆಯದೇ. ಇನ್ಸುಲಿನ್ ಜೊತೆ ಅದರ ರಸ ಕುಡಿಯುವವರಲ್ಲಿ ಸಕ್ಕರೆ ತೀರಾ ಇಳಿಯದಂತೆ ನೋಡಿಕೊಳ್ಳಿ.

ಪ್ರಶ್ನೆ: ಅವರ ಮನೆಮದ್ದುಗಳಲ್ಲಿ ಯಾವುದನ್ನು ತಡೆಯಲೇಬೇಕು?

ಉತ್ತರ: ದೃಷ್ಟಿ ತಾಗಿತೆಂದು ಮೈಮೇಲೆ ಮೊಟ್ಟೆ ಆಡಿಸಿ ನೀರಿಗೆ ಒಡೆಯುವುದರಿಂದ ತೊಂದರೆಯಿಲ್ಲ, ನಮ್ಮ ಉಪ್ಪು-ಮೆಣಸಿನಕಾಯಿ ನಿವಾಳಿಸಿದಂತೆ. ತಡೆಯಬೇಕಾದ್ದು 'ಎಂಪಾಚೊ', ಅಂದರೆ ಹೊಟ್ಟೆಯಲ್ಲಿ ಆಹಾರ ಅಂಟಿಕೊಂಡಿತು ಎಂದು ಕೊಡುವ ಹಳದಿ 'ಗ್ರೇತಾ', ಕಿತ್ತಳೆ 'ಅಸರ್ಕೋನ್' ಪುಡಿಗಳನ್ನು. ಎರಡೂ ಸೀಸದ (ಲೆಡ್) ಆಕ್ಸೈಡ್‌ಗಳು, ಅಂದರೆ ವಿಷ. ಅಸರ್ಕೋನ್ 'ಮರಿಯಾ ಲುಯಿಸಾ', 'ಕೋರಾಲ್' ಎಂಬ ಹೆಸರಲ್ಲೂ ಸಿಗುವುದರಿಂದ ಒಂದೊಂದೇ ಹೆಸರು ಹೇಳಿ ಕೇಳಿ. ಬೈದರೆ ಡಬ್ಬಿ ಒಳಗೆ ಸೇರುತ್ತದೆ. ಅಂದೇ ನಿಲ್ಲಿಸಿ, ತಿಂದವರೆಲ್ಲರ ರಕ್ತದಲ್ಲಿ ಸೀಸದ ಪರೀಕ್ಷೆ ಮಾಡಿಸಿ, ಮಕ್ಕಳದ್ದು ಮೊದಲು. ಉಳಿದ ಪುಡಿಯನ್ನು ಎಸೆಯದೆ ಚೀಲದಲ್ಲಿ ಕಟ್ಟಿ ವೈದ್ಯರಿಗೆ ಕೊಡಿ.