ಅಜ್ಜಿ ಗೆದ್ದರು, ವಡೆ ಕೊಡಿಸಿ

ಮಂಡ್ಯದ ಓದುಗರೇ, ನಿಮ್ಮ ಪತ್ರ ನಮ್ಮ ಮೈಸೂರಿನ ಕಚೇರಿಯಲ್ಲಿ ಎಲ್ಲರ ಕೈ ದಾಟಿ ಕೊನೆಗೆ ನನ್ನ ಮೇಜಿಗೆ ಬಂತು. ಟೀವಿಯಲ್ಲಿ ‘ಶೋಲೆ’ ನೋಡ್ತಿದ್ದಾಗ ನಿಮ್ಮ ಅಜ್ಜಿ ಬಸಂತಿಯ ಮೌಸಿಯನ್ನು, ಅಂದರೆ ಚಿಕ್ಕಮ್ಮನನ್ನು ತೋರಿಸಿ, ಈಕೆಯನ್ನು ‘ಆವಾರಾ’ದಲ್ಲೂ ನೋಡಿದ್ದೀನಿ ಅಂದರಂತೆ. ನೀವು ನಕ್ಕಿರಿ. ಸೋತವರು ಮದ್ದೂರು ವಡೆ ಕೊಡಿಸಬೇಕು ಅಂತ ಪಂದ್ಯ. ಜತೆಗೊಂದು ಪ್ರಶ್ನೆ: ಪಾಪ, ಆಕೆಗೆ ಜೀವನವಿಡೀ ಬರೀ ಅಮ್ಮ, ಚಿಕ್ಕಮ್ಮನ ಪಾತ್ರವೇ ಯಾಕೆ ಸಿಕ್ಕಿತು?

ಪಂದ್ಯ ಅಜ್ಜಿಯದೇ. ಆಕೆ ಲೀಲಾ ಮಿಶ್ರಾ. ‘ಆವಾರಾ’ 1951ರದು, ‘ಶೋಲೆ’ 1975ರದು. ನಡುವೆ 24 ವರ್ಷ. ಮುಖ ಮರೆಯದ ಅಜ್ಜಿ ದೊಡ್ಡವರು.

ಆದರೆ ಆ ‘ಪಾಪ’ ಅನ್ನೋದನ್ನು ಮಾತ್ರ ನಾನು ಒಪ್ಪಲ್ಲ.

ಲೀಲಾ ಹುಟ್ಟಿದ್ದು 1908ರಲ್ಲಿ, ಉತ್ತರ ಪ್ರದೇಶದ ರಾಯ್‌ಬರೇಲಿ ಕಡೆ. 12ಕ್ಕೇ ಮದುವೆ, 17 ತುಂಬುವಷ್ಟರಲ್ಲಿ ಮಕ್ಕಳ ತಾಯಿ. ಗಂಡ ಮೂಕಿ ಚಿತ್ರಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದವರು. ನಾಸಿಕ್‌ನ ಚಿತ್ರ ಕಂಪನಿಯೊಂದು ಇಬ್ಬರನ್ನೂ ಕರೆಸಿಕೊಂಡಿತು. ಸಂಬಳ ಗಂಡನಿಗೆ 150 ರೂಪಾಯಿ, ಹೆಂಡತಿಗೆ 500! ಪಾತ್ರ ಮಾಡಲು ಹೆಂಗಸರು ಸಿಗುವುದೇ ಕಷ್ಟವಿದ್ದ ಕಾಲ ಅದು. ಕ್ಯಾಮೆರಾ ಮುಂದೆ ಇಬ್ಬರೂ ತಡವರಿಸಿದರು, ಕರಾರು ಮುರಿದುಬಿತ್ತು.

ಆಮೇಲೆ ನಡೆದದ್ದೇ ನಿಮ್ಮ ಪ್ರಶ್ನೆಗೆ ಉತ್ತರ. ಒಂದು ಚಿತ್ರದಲ್ಲಿ ನಾಯಕನ ಹೆಗಲ ಮೇಲೆ ಕೈ ಹಾಕಿ ಮಾತಾಡಬೇಕು ಅಂದರು. ಪರಗಂಡಸನ್ನು ಮುಟ್ಟಲ್ಲ ಅಂದರು ಈಕೆ. ಮುಂದೆ 1936ರ ‘ಹೋನಹಾರ್’ನಲ್ಲಿ ಶಾಹು ಮೋಡಕ್ ಜತೆ ನಾಯಕಿ ಪಾತ್ರ ಬಂತು. ಅಲ್ಲಿ ತಬ್ಬಿಕೊಳ್ಳಬೇಕು. ಮತ್ತೆ ಅದೇ ಮಾತು: ಆಗಲ್ಲ. ಕರಾರು ಆಗಿಹೋಗಿದ್ದರಿಂದ ಕಳಿಸುವ ಹಾಗೂ ಇರಲಿಲ್ಲ. ಸರಿ, ಅದೇ ನಾಯಕನ ತಾಯಿಯ ಪಾತ್ರ ಕೊಟ್ಟರು. ಆಗ ಆಕೆಗೆ ಮೂವತ್ತು ಕೂಡ ತುಂಬಿರಲಿಲ್ಲ. ಅಲ್ಲಿಂದ ಸುಮಾರು ಐವತ್ತು ವರ್ಷ, ಸುಮಾರು ಇನ್ನೂರು ಚಿತ್ರ. ಜತೆಗೆ ಬಂದ ಎಷ್ಟೋ ನಾಯಕಿಯರು ಮನೆ ಸೇರಿದರು, ಈಕೆ ಮಾತ್ರ ಮೇಕಪ್ ಹಚ್ಚಿಕೊಳ್ಳುತ್ತಲೇ ಇದ್ದರು. ಇದು ಸಿಕ್ಕಿದ ಪಾತ್ರ ಅಲ್ಲ ಸ್ವಾಮೀ, ‘ಆಗಲ್ಲ’ ಅಂತ ಹೇಳಿ ಗಳಿಸಿದ ಪಾತ್ರ.

1977ರಲ್ಲಿ ಸತ್ಯಜಿತ್ ರಾಯ್ ‘ಶತರಂಜ್ ಕೆ ಖಿಲಾಡಿ’ಗೆ ಕರೆದರು. ಶಬಾನಾ ಆಜ್ಮಿಯ ಮನೆಗೆಲಸದಾಕೆ ಈಕೆಯೇ. 1981ರ ‘ಚಶ್ಮೆ ಬದ್ದೂರ್’ನ ಅಜ್ಜಿಯೂ ಇವರೇ. ಎಪ್ಪತ್ತು ದಾಟಿದ ಮೇಲಿನ ಕೆಲಸ ಅದು.

‘ಶೋಲೆ’ಗೇ ಬರೋಣ. ನೀವು ಮಂಡ್ಯದಿಂದ ಬೆಂಗಳೂರಿಗೆ ರೈಲಿನಲ್ಲಿ ಹೋಗುವಾಗ ರಾಮನಗರದ ಬಂಡೆಗಳು ಕಾಣುತ್ತವಲ್ಲ, ಆ ರಾಮದೇವರ ಬೆಟ್ಟದ ಬುಡದಲ್ಲೇ ಚಿತ್ರದ ಊರಿನ ಸೆಟ್ ಹಾಕಿದ್ದು. ಅಮಿತಾಭ್ ಗೆಳೆಯನಿಗೆ ಹೆಣ್ಣು ಕೇಳಲು ಬರುವ ದೃಶ್ಯ ಇದೆ. ಎಲ್ಲರೂ ಅಮಿತಾಭ್ ಮಾತಿಗೆ ನಗುತ್ತಾರೆ. ಮುಂದಿನ ಸಲ ಮೌಸಿಯನ್ನು ನೋಡಿ. ಗಂಡಿನ ದುಡಿಮೆ ಎಷ್ಟು ಅಂತ ಆಕೆ ಕೇಳುವುದು ನಮ್ಮ ಮನೆಯ ಹಿರಿಯರು ಕೇಳುವ ಹಾಗೇ. ಜೂಜು ಅಂತ ಒಂದು ಬಯಲಾಗುತ್ತದೆ, ಆಮೇಲೆ ಕುಡಿತ, ಆಮೇಲೆ ಹಾಡುವವಳ ಮನೆ. ಒಂದೊಂದಕ್ಕೂ ದನಿ ಒಂದೊಂದು ಮೆಟ್ಟಿಲು ಏರುತ್ತದೆ. ಎಲ್ಲೂ ತಮಾಷೆ ಮಾಡುವುದಿಲ್ಲ. ಎದೆ ಹೊಡೆದುಕೊಳ್ಳುವ ನಿಜವಾದ ಚಿಕ್ಕವ್ವ. ಈಕೆ ಒಂಚೂರು ನಕ್ಕಿದ್ದರೂ ಅಮಿತಾಭ್ ಜೋಕು ನೆಲಕ್ಕೆ ಬೀಳುತ್ತಿತ್ತು. ನಾನು ಈ ದೃಶ್ಯವನ್ನು ಎಷ್ಟು ಸಲ ನೋಡಿದ್ದೀನೋ ಲೆಕ್ಕ ಇಲ್ಲ. ಈಗೀಗ ಅಮಿತಾಭ್ ಕಡೆ ನೋಡುವುದನ್ನೇ ಬಿಟ್ಟಿದ್ದೇನೆ.

ಲೀಲಾ ಮಿಶ್ರಾ 1988ರಲ್ಲಿ ಮುಂಬೈಯಲ್ಲಿ ತೀರಿಕೊಂಡರು.

ವಡೆ ಬಿಸಿ ಇರುವಾಗಲೇ ಕೊಡಿಸಿ. ಅಜ್ಜಿಗೆ ಇನ್ನೂ ಯಾರ್‍ಯಾರ ಮುಖ ನೆನಪಿದೆ ಕೇಳಿ, ಬರೆದು ಕಳಿಸಿ.

– ಸಂಪಾದಕ