ಕಂಟೇನರ್ ಬದಲಾಯ್ತು, ಲೆಕ್ಕ ಎಲ್ಲಿ ಹೋಯ್ತು?

ಈ ಸಲವೂ ಅದೇ ಪ್ರಶ್ನೆ. ಕಾರವಾರ, ಕುಮಟಾ, ಶಿರಸಿ ಅಂತ ಊರು ಬೇರೆ, ಕಥೆ ಒಂದೇ. ಡಾಕರ್ ಅಂದರೇನು, ಕ್ಲೌಡ್ ಅಂದರೇನು ಎಂದು ಮೊದಲಿನಿಂದ ಹೇಳುತ್ತಾ ಕೂರುವುದಿಲ್ಲ. ಕಂಟೇನರ್ ಅಂದರೆ ಸಾಫ್ಟ್‌ವೇರನ್ನು ಅದಕ್ಕೆ ಬೇಕಾದ್ದರ ಜೊತೆ ಕಟ್ಟಿ ಓಡಿಸುವ ಡಬ್ಬಿ, ಡಾಕರ್ ಅದನ್ನು ಓಡಿಸುವ ಸಾಧನ, ಇಷ್ಟು ಸಾಕು.

ಪ್ರಶ್ನೆ: ಶಿರಸಿಯಲ್ಲಿ ನಮ್ಮದು ಅಡಿಕೆ ವಖಾರಿ. ಲೆಕ್ಕದ ಸಾಫ್ಟ್‌ವೇರ್, ಪೋಸ್ಟ್‌ಗ್ರೆಸ್ (ಲೆಕ್ಕ ಇಡುವ ಡೇಟಾಬೇಸ್) ಎರಡನ್ನೂ ಕಂಟೇನರ್ ಮಾಡಿ ಕ್ಲೌಡ್ ಸರ್ವರ್‌ಗೆ ಹಾಕಿಸಿದೆವು. ಎರಡು ತಿಂಗಳು ಚೆನ್ನಾಗಿತ್ತು. ಹೋದ ವಾರ ಹಳೇ ಕಂಟೇನರ್ ತೆಗೆದು ಹೊಸದು ಹಾಕಿದರು. ಈಗ ಒಂದು ಎಂಟ್ರಿಯೂ ಇಲ್ಲ. ಮಾಡಿಕೊಟ್ಟವರು ‘ಎಲ್ಲಾ ಕ್ಲೀನ್ ಮಾಡಿ ಮತ್ತೆ ಹಾಕೋಣ’ ಅನ್ನುತ್ತಿದ್ದಾರೆ.

ಉತ್ತರ: ಮೊದಲು ಅವರನ್ನು ತಡೆಯಿರಿ. ಏನನ್ನೂ ಕ್ಲೀನ್ ಮಾಡಬೇಡಿ. ಬಳಕೆಯಲ್ಲಿಲ್ಲದ್ದನ್ನು ಅಳಿಸಿಹಾಕುವ ಪ್ರೂನ್ ಅನ್ನುವ ಕಮಾಂಡನ್ನು ಯಾರೂ ಮುಟ್ಟಬಾರದು. ನಿಮ್ಮ ಲೆಕ್ಕ ಇನ್ನೂ ಆ ಸರ್ವರ್‌ನಲ್ಲೇ ಇರಬಹುದು.

ಪೋಸ್ಟ್‌ಗ್ರೆಸ್‌ನ ಅಧಿಕೃತ ಇಮೇಜ್ (ಕಂಟೇನರ್ ಹುಟ್ಟುವ ಅಚ್ಚು) ಡೇಟಾ ಇಡಲು ಒಂದು ವಾಲ್ಯೂಮ್, ಅಂದರೆ ಕಂಟೇನರ್‌ನ ಹೊರಗಿನ ಜಾಗ, ಕೇಳುತ್ತದೆ. ನೀವು ಹೆಸರು ಕೊಟ್ಟು ಮಾಡಿಕೊಡದಿದ್ದರೆ ಡಾಕರ್ ತಾನೇ ಒಂದನ್ನು ಮಾಡುತ್ತದೆ. ಅದಕ್ಕೆ ಹೆಸರಿನ ಬದಲು ಅಂಕಿ, ಅಕ್ಷರ ಸೇರಿ 64ರ ಉದ್ದನೆಯ ಸಾಲು ಇರುತ್ತದೆ. ಹೊಸ ಕಂಟೇನರ್‌ಗೆ ಆ ಹಳೆಯದರ ಗುರುತೇ ಇಲ್ಲ. ತನಗೊಂದು ಖಾಲಿ ವಾಲ್ಯೂಮ್ ಮಾಡಿಕೊಂಡು ಕೂರುತ್ತದೆ. ಹಳೆಯದು ಮೂಲೆಯಲ್ಲಿ ಬಿದ್ದಿರುತ್ತದೆ. ವಾಲ್ಯೂಮ್ ಪ್ರೂನ್ ಗುಡಿಸಿ ಹಾಕುವುದು ಇಂಥವನ್ನೇ.

ಹೊಸ ಕಂಟೇನರ್ ನಿಲ್ಲಿಸಿ. ಇಡೀ ಡಿಸ್ಕಿನ ಈಗಿನ ಸ್ಥಿತಿಯ ನಕಲು, ಅಂದರೆ ಸ್ನ್ಯಾಪ್‌ಶಾಟ್ ತೆಗೆಯಿರಿ. ಆಮೇಲೆ ವಾಲ್ಯೂಮ್‌ಗಳ ಪಟ್ಟಿ ತೆಗೆದು ಗಾತ್ರ ನೋಡಿ, ಎರಡು ತಿಂಗಳ ಲೆಕ್ಕ ಎಲ್ಲಿದೆ ಅಂತ ಅಂದಾಜಾಗುತ್ತದೆ. ಅದರ ಪ್ರತಿ ಮಾಡಿಕೊಂಡು, ಪ್ರತಿಯನ್ನು ಮಾತ್ರ ತೆರೆಯಿರಿ. ಪೋಸ್ಟ್‌ಗ್ರೆಸ್ ಆವೃತ್ತಿ ಹಳೆಯದೇ ಇರಲಿ. 16 ಬರೆದ ಫೈಲನ್ನು 17 ನೇರವಾಗಿ ತೆರೆಯುವುದಿಲ್ಲ. ‘ಡೇಟಾ ಕೆಟ್ಟಿದೆ’ ಎಂದು ಕೈಚೆಲ್ಲುವವರು ಎಷ್ಟೋ ಸಲ ಇಲ್ಲೇ ಎಡವಿರುತ್ತಾರೆ. ಹಳೆಯದನ್ನು ತೆಗೆಯುವಾಗ ಕಂಟೇನರ್‌ಗಳನ್ನು ನಿಲ್ಲಿಸಿ ತೆಗೆಯುವ ಕಂಪೋಸ್ ಡೌನ್ ಕಮಾಂಡ್ ಜೊತೆ ಹೈಫನ್ ವಿ (-v) ಸೇರಿಸಿದ್ದರೆ ಮಾತ್ರ ಕಷ್ಟ. ಅದು ವಾಲ್ಯೂಮನ್ನೂ ಅಳಿಸುತ್ತದೆ. ಏನು ಒತ್ತಿದರು ಅಂತ ಕಮಾಂಡ್ ಹಿಸ್ಟರಿ ತೆಗೆಸಿ ನೋಡಿ.

ನನಗೆ ಸಿಟ್ಟು ಬರುವುದು ಸುಮ್ನೆ ಅಲ್ಲ. ಹೀಗೇ ಕಳೆದುಕೊಂಡ ಇನ್ನೊಂದು ವಖಾರಿಯಲ್ಲಿ ಗುಮಾಸ್ತರ ಪಕ್ಕ ಕೂತು ನೋಡಿದ್ದೇನೆ. ಮಳೆಗಾಲ. ತೂಕದ ಚೀಟಿಗಳು ಥಂಡಿ ಹಿಡಿದು ಒಂದಕ್ಕೊಂದು ಅಂಟಿದ್ದವು. ಅವರು ಉಗುರಲ್ಲಿ ಬಿಡಿಸಿ, ದೀಪದ ಹತ್ತಿರ ಹಿಡಿದು, ಯಾವ ಬಗೆಯ ಅಡಿಕೆ, ರಾಶಿಯೋ ಚಾಲಿಯೋ ಎಂದು ಓದಿ, ಮತ್ತೆ ಒಂದೊಂದೇ ಟೈಪ್ ಮಾಡುತ್ತಿದ್ದರು. ಶಾಯಿ ಹರಡಿದ ಚೀಟಿಗೆ ರೈತರಿಗೇ ಫೋನ್ ಮಾಡಿ ಕೇಳಬೇಕಾಯ್ತು.

ಕಂಟೇನರ್ ಅಂದರೆ ಮಾರಿಕಾಂಬಾ ಜಾತ್ರೆಯ ಅಂಗಡಿ ಇದ್ದ ಹಾಗೆ. ಅದನ್ನು ಬಿಚ್ಚುವುದು ಇದ್ದಿದ್ದೇ. ಗಲ್ಲಾಪೆಟ್ಟಿಗೆ ಅದರ ಜೊತೆ ಹೋಗಬಾರದು ಅಷ್ಟೇ. ವಾಲ್ಯೂಮ್‌ಗೆ ಹೆಸರು ಕೊಡಿ. ಆದರೆ ವಾಲ್ಯೂಮೇ ಬ್ಯಾಕಪ್ ಅಲ್ಲ, ಡಿಸ್ಕ್ ಹೋದರೆ ಅದೂ ಹೋಯ್ತು. ಪ್ರತಿ ರಾತ್ರಿ ಪಿಜಿ ಡಂಪ್ (ಇಡೀ ಡೇಟಾಬೇಸಿನ ನಕಲು ಫೈಲ್) ತೆಗೆದು ಬೇರೆ ಖಾತೆಯ ಸ್ಟೋರೇಜ್‌ಗೆ ಕಳಿಸಿ. ತಿಂಗಳಿಗೊಮ್ಮೆ ಆ ಡಂಪನ್ನು ಖಾಲಿ ಮಷೀನ್‌ನಲ್ಲಿ ತೆರೆದು, ಅವತ್ತಿನ ಕೊನೇ ಬಿಲ್ ನಂಬರ್ ಪುಸ್ತಕಕ್ಕೆ ತಾಳೆಯಾಗುತ್ತಾ ನೋಡಿ. ತೆರೆದು ನೋಡದ ಬ್ಯಾಕಪ್ಪನ್ನು ನಾನು ಲೆಕ್ಕಕ್ಕೇ ಹಿಡಿಯುವುದಿಲ್ಲ.

‘ಡಾಕರ್ ಕಮಿಟ್ ಮಾಡಿದರೆ ಬ್ಯಾಕಪ್ ಆಯ್ತು’ ಎಂದು ದುಡ್ಡು ತೆಗೆದುಕೊಳ್ಳುವವರಿದ್ದಾರೆ. ಇದು ಶುದ್ಧ ಸುಳ್ಳು. ಕಮಿಟ್ ಅಂದರೆ ಕಂಟೇನರನ್ನು ಹೊಸ ಇಮೇಜ್ ಮಾಡಿಡುವುದು ಅಷ್ಟೇ. ಕಮಿಟ್‌ನಲ್ಲಿ ವಾಲ್ಯೂಮ್‌ನ ಡೇಟಾ ಸೇರುವುದೇ ಇಲ್ಲ. ಹಾಗಂದವರ ಕೈಗೆ ಸರ್ವರ್ ಪಾಸ್‌ವರ್ಡ್ ಕೊಡಬೇಡಿ.

ಪ್ರಶ್ನೆ: ಬ್ಯಾಕಪ್ ಎಲ್ಲಾ ಕ್ಲೌಡ್ ಕಂಪನಿಯವರೇ ನೋಡಿಕೊಳ್ತಾರಲ್ವಾ? (ಕುಮಟಾ)

ಉತ್ತರ: ಇಲ್ಲ. 2021ರ ಮಾರ್ಚ್ 10ರಂದು ಫ್ರಾನ್ಸಿನ ಸ್ಟ್ರಾಸ್‌ಬರ್ಗ್‌ನಲ್ಲಿ ಓವಿಎಚ್ ಕಂಪನಿಯ ಡೇಟಾ ಸೆಂಟರ್ ಸುಟ್ಟಿತು. ಬೇರೆ ಕಡೆ ಪ್ರತಿ ಇಡದವರಲ್ಲಿ ಹಲವರ ಡೇಟಾ ವಾಪಸ್ ಬರಲೇ ಇಲ್ಲ.

ಪ್ರಶ್ನೆ: ಇಮೇಜ್‌ನಲ್ಲಿ ಸೇರಿದ್ದ ಪಾಸ್‌ವರ್ಡ್ ಫೈಲನ್ನು ಇಮೇಜ್ ಕಟ್ಟುವ ಡಾಕರ್‌ಫೈಲ್‌ನ ಮುಂದಿನ ಸಾಲಿನಲ್ಲೇ ಅಳಿಸಿದ್ದೇನೆ. ಸಾಕಲ್ವಾ?

ಉತ್ತರ: ಸಾಲದು. ಇಮೇಜ್ ಅಂದರೆ ಒಂದರ ಮೇಲೊಂದು ಪದರ (ಲೇಯರ್). ಕೆಳಗಿನ ಲೇಯರ್‌ನಲ್ಲಿ ಅದು ಹಾಗೇ ಇದೆ. ಪಾಸ್‌ವರ್ಡ್ ಇವತ್ತೇ ಬದಲಿಸಿ.

ಪ್ರಶ್ನೆ: ಕುಬರ್ನೆಟಿಸ್ (ಹಲವು ಕಂಟೇನರ್‌ಗಳನ್ನು ನಡೆಸುವ ವ್ಯವಸ್ಥೆ) ಪಾಸ್‌ವರ್ಡ್‌ಗಳನ್ನಿಡುವ ಸೀಕ್ರೆಟ್ ಗೂಢಲಿಪಿಯಲ್ಲಿ ಇರುತ್ತಾ?

ಉತ್ತರ: ನೀವು ನೋಡುತ್ತಿರುವುದು ಬೇಸ್ 64, ಅದು ಬೇರೆ ಅಕ್ಷರಗಳಲ್ಲಿ ಬರೆಯುವ ಕ್ರಮ ಅಷ್ಟೇ, ಗೂಢಲಿಪಿಯಲ್ಲ. ಯಾರು ಬೇಕಾದರೂ ಬಿಡಿಸಬಹುದು.

ಪ್ರಶ್ನೆ: ಕುಬರ್ನೆಟಿಸ್‌ನಲ್ಲಿ ವಾಲ್ಯೂಮ್ ಕ್ಲೇಮ್ (ಡಿಸ್ಕ್ ಬೇಕೆಂಬ ಕೋರಿಕೆ) ಅಳಿಸಿದರೆ ಡಿಸ್ಕ್ ಉಳಿಯುತ್ತಾ? (ಕಾರವಾರ)

ಉತ್ತರ: ಡಿಸ್ಕ್ ತಾನಾಗೇ ಹುಟ್ಟಿಕೊಂಡಿದ್ದಾದರೆ ಸಾಮಾನ್ಯವಾಗಿ ಉಳಿಯುವುದಿಲ್ಲ. ಕ್ಲೇಮ್ ಹೋದ ಮೇಲೆ ಡಿಸ್ಕ್ ಏನಾಗಬೇಕು ಎನ್ನುವ ರಿಕ್ಲೇಮ್ ಪಾಲಿಸಿ ‘ಡಿಲೀಟ್’ ಅಂತಲೇ ಇರುತ್ತದೆ. ಅದನ್ನು ‘ರಿಟೇನ್’ ಮಾಡಿ. ಈಗಾಗಲೇ ಇರುವ ವಾಲ್ಯೂಮ್‌ಗಳಿಗೆ ಒಂದೊಂದಾಗಿ ಬದಲಿಸಬೇಕು, ಸ್ಟೋರೇಜ್ ಕ್ಲಾಸ್ (ಹೊಸ ಡಿಸ್ಕ್ ಹೇಗಿರಬೇಕೆಂಬ ನಮೂನೆ) ಬದಲಿಸಿದರೆ ಹಳೆಯವಕ್ಕೆ ತಾಗುವುದಿಲ್ಲ.