ಸಂಪಾದಕರ ಉತ್ತರ: ಆ ಚಿತ್ರ ಬರೆಯುವ ಹಕ್ಕು ಯಾರದು?

ಶಿವಮೊಗ್ಗದಿಂದ ಓದುಗರೊಬ್ಬರು ದೀರ್ಘವಾದ ಪತ್ರ ಬರೆದಿದ್ದಾರೆ. ಭೂಮಾಪನ ಇಲಾಖೆಯಲ್ಲಿ ಸೇವೆ ಸಲ್ಲಿಸಿ ನಿವೃತ್ತರಾದವರು. ಆಸ್ಟ್ರೇಲಿಯಾದ ಮೂಲನಿವಾಸಿಗಳು ದೊಡ್ಡದೊಂದು ಚಿತ್ರಪಟವನ್ನು ನ್ಯಾಯಮಂಡಳಿಯ ಮುಂದೆ ಹಾಸಿ ‘ಇದು ನಮ್ಮ ನೆಲ’ ಎಂದು ವಾದಿಸಿದರೆಂದು ಕಳೆದ ಸಂಚಿಕೆಯಲ್ಲಿ ಪ್ರಕಟವಾದ ಲೇಖನ ಅವರಿಗೆ ಹಿಡಿಸಿಲ್ಲ. ಪತ್ರದ ಮುಖ್ಯ ಭಾಗ ಇದು:

“ನಾನು ಸರಪಳಿ ಹಿಡಿದು ಹೊಲಗದ್ದೆ ಅಳೆದವನು. ನಕ್ಷೆ ಎಂದ ಮೇಲೆ ಅದಕ್ಕೊಂದು ಅಳತೆ, ದಿಕ್ಕು, ಚಕ್ಕುಬಂದಿ ಇರಬೇಕು. ನೀವು ಅಚ್ಚು ಹಾಕಿದ ಚಿತ್ರದಲ್ಲಿ ಬಣ್ಣದ ಸುತ್ತುಗಳು, ಚುಕ್ಕಿಗಳನ್ನು ಬಿಟ್ಟರೆ ಏನೂ ಇಲ್ಲ. ಯಾರು ಬೇಕಾದರೂ ಇಂಥದ್ದೊಂದನ್ನು ಬರೆದು ತಂದು ಜಮೀನು ಕೇಳಬಹುದಲ್ಲವೇ? ಅದೇ ಲೇಖನದಲ್ಲಿ ಈ ಚಿತ್ರಗಳನ್ನು ಬೇರೆಯವರು ನಕಲು ಮಾಡಬಾರದು ಎಂದೂ ಹೇಳಿದ್ದೀರಿ. ಕಲೆ ಎಲ್ಲರ ಸೊತ್ತು ಎನ್ನುತ್ತಾ ಬಂದ ಪತ್ರಿಕೆ ನಿಮ್ಮದು. ಯಾವುದನ್ನು ನಂಬಬೇಕು? ಮುಂದಿನ ತಿಂಗಳು ಸಿಡ್ನಿಯಲ್ಲಿರುವ ಮಗಳ ಮನೆಗೆ ಹೋಗುತ್ತಿದ್ದೇವೆ. ಅಂಥ ಚಿತ್ರವೊಂದನ್ನು ಕೊಳ್ಳಬೇಕೆಂದು ನನ್ನ ಶ್ರೀಮತಿಯವರ ಆಸೆ. ಕೊಳ್ಳಬಹುದೋ, ಅದಕ್ಕೂ ಯಾರದಾದರೂ ಅಪ್ಪಣೆ ಬೇಕೋ?”

ಮಾನ್ಯರೇ,

ಪತ್ರದಲ್ಲಿ ವ್ಯಂಗ್ಯ ತುಸು ಹೆಚ್ಚಾಗಿದೆ, ಇರಲಿ. ಪ್ರಶ್ನೆಗಳು ಮಾತ್ರ ಕಸುಬು ಬಲ್ಲವರು ಕೇಳುವಂಥವು. ನಿಮ್ಮ ಎರಡೂ ತಕರಾರುಗಳಿಗೆ ಬೇರು ಒಂದೇ: ಆ ಚಿತ್ರಗಳನ್ನು ಯಾರು ಬೇಕಾದರೂ ಬರೆಯಬಹುದು ಎಂದು ನೀವು ಎಣಿಸಿರುವುದು. ಬರೆಯುವಂತಿಲ್ಲ. ಅಲ್ಲಿಂದಲೇ ಶುರುಮಾಡುತ್ತೇನೆ.

ಲೇಖನದಲ್ಲಿದ್ದದ್ದು ಙುರ್ರಾರ ಚಿತ್ರಪಟದ ವಿಷಯ. (ನಮ್ಮ ವರ್ಣಮಾಲೆಯಲ್ಲಿ ಕೆಲಸವಿಲ್ಲದೆ ಕುಳಿತಿದ್ದ ಙಕಾರಕ್ಕೆ ಕೊನೆಗೂ ಒಂದು ನೌಕರಿ ಸಿಕ್ಕಿತು.) ಪಶ್ಚಿಮ ಆಸ್ಟ್ರೇಲಿಯಾದ ಗ್ರೇಟ್ ಸ್ಯಾಂಡಿ ಮರುಭೂಮಿಯ ಜನ 1997ರಲ್ಲಿ ಪಿರ್ನಿನಿ ಎಂಬಲ್ಲಿ ಇದನ್ನು ನೆಲಕ್ಕೆ ಹಾಸಿಕೊಂಡು ಬರೆದರು. ಹತ್ತು ಮೀಟರ್ ಉದ್ದ, ಎಂಟು ಮೀಟರ್ ಅಗಲ. ಹಿಂದಿನ ವರ್ಷ ಅವರು ತಮ್ಮ ನೆಲದ ಹಕ್ಕನ್ನು ಮಾನ್ಯ ಮಾಡುವಂತೆ ಅರ್ಜಿ ಹಾಕಿದ್ದರು. ಪರಭಾಷೆಯಲ್ಲಿ, ಪರರ ಕಾನೂನಿನ ಮಾತಿನಲ್ಲಿ ತಮ್ಮ ನೆಲವನ್ನು ವಿವರಿಸುವುದು ಆಗದ ಕೆಲಸ ಎನ್ನಿಸಿದಾಗ ಹಿರಿಯರು ಕಂಡುಕೊಂಡ ದಾರಿ ಇದು. ಹತ್ತಾರು ಜನ, ಗಂಡಸರು, ಹೆಂಗಸರು, ಬಟ್ಟೆಯ ಮೇಲೆಯೇ ಕುಳಿತು ತಮ್ಮ ತಮ್ಮ ಪಾಲಿನ ಜಾಗಕ್ಕೆ ಬಣ್ಣ ತುಂಬಿದರು. ಅವರು ಮುಖ್ಯವಾಗಿ ಬರೆದದ್ದು ‘ಜಿಲ’ಗಳನ್ನು. ಜಿಲ ಎಂದರೆ ಬತ್ತದ ನೀರಿನ ನೆಲೆ. ಹೊರಗಿನವರ ಕಣ್ಣಿಗೆ ಅಲ್ಲಿ ಮರಳಲ್ಲದೆ ಬೇರೇನೂ ಕಾಣುವುದಿಲ್ಲ. ಬಲ್ಲವರು ಅಗೆದರೆ ನೀರು. ಮಳೆ ತರುವ ಸರ್ಪರೂಪಿ ಶಕ್ತಿ ಅದರೊಳಗೆ ನೆಲೆಸಿದೆ ಎಂದು ಅವರ ನಂಬಿಕೆ.

ನ್ಯಾಯಮಂಡಳಿಯವರು ಬಂದಾಗ ಹಿರಿಯರು ಚಪ್ಪರದಡಿ ಸಾಲಾಗಿ ನಿಂತು ಹೇಳಿಕೆ ಕೊಡಲಿಲ್ಲ. ಒಬ್ಬೊಬ್ಬರಾಗಿ ಪಟದ ಮೇಲೆ ನಡೆದುಹೋಗಿ, ಚಿತ್ರದಲ್ಲಿ ತಮ್ಮ ನೆಲ ಇರುವಲ್ಲಿ ನಿಂತು, ತಮ್ಮ ಭಾಷೆಯಲ್ಲಿ ಮಾತನಾಡಿದರು. ಇನ್ನೊಬ್ಬರ ನೆಲದ ಪರವಾಗಿ ಮಾತನಾಡುವ ಅಧಿಕಾರ ಅವರ ಕಟ್ಟಳೆಯಲ್ಲಿ ಯಾರಿಗೂ ಇಲ್ಲ.

ಅಳತೆ ಇಲ್ಲ, ಉತ್ತರ ದಿಕ್ಕಿನ ಗುರುತಿಲ್ಲ ಎಂಬ ನಿಮ್ಮ ಆಕ್ಷೇಪಕ್ಕೆ ಬರುತ್ತೇನೆ. ಸರ್ವೆ ನಕ್ಷೆಯನ್ನು ನೀವು ಬರೆದಿರಿ. ಹಾಗೆಂದು ಆ ಹೊಲ ನಿಮ್ಮದಾಗಲಿಲ್ಲ. ಬರೆದವನಿಗೂ ನೆಲಕ್ಕೂ ಸಂಬಂಧವಿಲ್ಲದಿರುವುದೇ ನಕ್ಷೆಯ ಗುಣ. ಇಲ್ಲಿ ಅದು ತಿರುಗುಮುರುಗು: ಆ ನೆಲಕ್ಕೆ ಸೇರಿದವರೇ ಅದನ್ನು ಬರೆಯಬೇಕು. ಹಾಗಾಗಿ ಈ ಪಟವನ್ನು ನಕ್ಷೆಯ ಪಕ್ಕದಲ್ಲಿಟ್ಟು ನೋಡಬೇಡಿ, ಪಹಣಿಯಲ್ಲಿ ಮಾಲೀಕರ ಹೆಸರಿರುವ ಒಂಬತ್ತನೇ ಕಾಲಂ ಪಕ್ಕದಲ್ಲಿಟ್ಟು ನೋಡಿ. ಯಾರ ಹೆಸರಿಗೆ ಯಾವ ನೆಲ ಎಂಬುದು ಪಟದಲ್ಲಿ ನಮೂದಾಗಿರುವುದು ಬರೆದ ಕೈಗಳ ಮೂಲಕ. ನಮೂದು ಸುಳ್ಳಾದರೆ ಪಕ್ಕದಲ್ಲಿ ಕುಳಿತವರೇ ತಡೆಯುತ್ತಾರೆ. ಮಧ್ಯ ಆಸ್ಟ್ರೇಲಿಯಾದ ವಾರ್ಲ್‌ಪಿರಿ ಜನರಲ್ಲಂತೂ ಇದಕ್ಕೆ ಸ್ಪಷ್ಟ ವ್ಯವಸ್ಥೆಯೇ ಇದೆ. ತಂದೆಯ ಕಡೆಯಿಂದ ನೆಲದ ಹಕ್ಕು ಪಡೆದವರು ‘ಕಿರ್ದ’; ತಾಯಿಯ ಕಡೆಯಿಂದ ಅದೇ ನೆಲಕ್ಕೆ ಸೇರಿದವರು ‘ಕುರ್ದುಙುರ್ಲು’. ಚಿತ್ರವಾಗಲಿ ಆಚರಣೆಯಾಗಲಿ ಮೊದಲಿನವರು ನಡೆಸುತ್ತಾರೆ, ಎಲ್ಲವೂ ಕ್ರಮದಂತೆ ನಡೆಯುತ್ತಿದೆಯೇ ಎಂದು ಎರಡನೆಯವರು ಕಾಯುತ್ತಾರೆ.

ಒಂದು ಮಾತು ಸ್ಪಷ್ಟಪಡಿಸಬೇಕು. ಪಟ ನೋಡಿದ ಕೂಡಲೇ ಯಾರೂ ಜಮೀನು ಬರೆದುಕೊಡಲಿಲ್ಲ. ವಂಶಾವಳಿ, ಸಾಕ್ಷ್ಯ, ತಜ್ಞರ ವರದಿ ಎಲ್ಲವೂ ಬೇಕಾದವು. ಹತ್ತು ವರ್ಷ ಹಿಡಿಯಿತು. 2007ರ ನವೆಂಬರ್‌ನಲ್ಲಿ ಫೆಡರಲ್ ನ್ಯಾಯಾಲಯ ಎಪ್ಪತ್ತು ಸಾವಿರಕ್ಕೂ ಹೆಚ್ಚು ಚದರ ಕಿಲೋಮೀಟರ್ ಮರುಭೂಮಿಯ ಮೇಲೆ ಆ ಜನರ ಹಕ್ಕನ್ನು ಘೋಷಿಸಿತು. ನಮ್ಮ ರಾಜ್ಯದ ಮೂರನೇ ಒಂದು ಭಾಗಕ್ಕಿಂತ ದೊಡ್ಡ ನೆಲ. ಪಟ ಬರೆದವರಲ್ಲಿ ಕೆಲವರು ಅಷ್ಟರೊಳಗೆ ತೀರಿಕೊಂಡಿದ್ದರು.

ನಿಮ್ಮ ವೃತ್ತಿಯವರ ಒಂದು ಕಥೆ ಇದೇ ಮರುಭೂಮಿಯಲ್ಲಿದೆ. 1906ರಲ್ಲಿ ಆಲ್ಫ್ರೆಡ್ ಕ್ಯಾನಿಂಗ್ ಎಂಬ ಸರ್ಕಾರಿ ಸರ್ವೇಯರ್ ಹಾಲ್ಸ್ ಕ್ರೀಕ್‌ನಿಂದ ವಿಲೂನಾವರೆಗೆ ದನ ಹೊಡೆದುಕೊಂಡು ಬರಲು ದಾರಿ ಗುರುತಿಸಲು ಹೊರಟ. ಸುಮಾರು 1,850 ಕಿಲೋಮೀಟರ್ ದಾರಿ, ಅಲ್ಲಲ್ಲಿ ನೀರು ಬೇಕು. ನೀರು ಎಲ್ಲಿದೆ ಎಂದು ಅವನ ಉಪಕರಣಗಳಿಗೆ ಗೊತ್ತಿರಲಿಲ್ಲ. ಅವನ ತಂಡ ದಾರಿಯಲ್ಲಿ ಸಿಕ್ಕ ಮೂಲನಿವಾಸಿಗಳನ್ನು ಹಿಡಿದು, ಸರಪಳಿಯಲ್ಲಿ ಕಟ್ಟಿ, ನೀರು ತೋರಿಸುವಂತೆ ಮಾಡಿತು. ತಂಡದ ಅಡುಗೆಯವನೇ ದೂರು ಕೊಟ್ಟದ್ದರಿಂದ 1908ರಲ್ಲಿ ವಿಚಾರಣಾ ಆಯೋಗ ಕುಳಿತು, ಕ್ಯಾನಿಂಗ್‌ನದು ತಪ್ಪಲ್ಲ ಎಂದು ಬಿಟ್ಟುಬಿಟ್ಟಿತು. ಆಮೇಲೆ ಆ ದಾರಿಯುದ್ದಕ್ಕೂ ಐವತ್ತರಷ್ಟು ಬಾವಿ ತೋಡಿದರು, ಅನೇಕವನ್ನು ಆ ಜನರ ಹಳೆಯ ನೀರಿನ ನೆಲೆಗಳಲ್ಲೇ. ಸರ್ಕಾರಿ ನಕ್ಷೆಯಲ್ಲಿ ಅವಕ್ಕೆ ಒಂದು, ಎರಡು, ಮೂರು ಎಂದು ನಂಬರು ಬಿತ್ತು. ‘ಚುಕ್ಕಿಗಳನ್ನು ಬಿಟ್ಟರೆ ಏನೂ ಇಲ್ಲ’ ಎಂದು ನೀವು ಬರೆದದ್ದನ್ನು ಓದುವಾಗ ನನಗೆ ನೆನಪಾದದ್ದು ಈ ನಂಬರುಗಳು.

ಚಿತ್ರವನ್ನು ದಾಖಲೆಯೆಂದು ಮುಂದಿಟ್ಟದ್ದು ಇದೇ ಮೊದಲಲ್ಲ. 1963ರಲ್ಲಿ ಉತ್ತರದ ಆರ್ನ್‌ಹೆಮ್ ಲ್ಯಾಂಡ್‌ನಲ್ಲಿ ಯಿರ್ಕಲಾ ಎಂಬಲ್ಲಿನ ಯೋಲ್ಙು ಜನರನ್ನು ಒಂದು ಮಾತೂ ಕೇಳದೆ ಸರ್ಕಾರ ಅವರ ನೆಲದಲ್ಲಿ ಮುನ್ನೂರಕ್ಕೂ ಹೆಚ್ಚು ಚದರ ಕಿಲೋಮೀಟರನ್ನು ಬಾಕ್ಸೈಟ್ ಗಣಿಗೆ ಬಿಟ್ಟುಕೊಟ್ಟಿತು. ಅವರು ಸಂಸತ್ತಿಗೆ ಅರ್ಜಿ ಕಳುಹಿಸಿದರು. ತಮ್ಮ ಭಾಷೆಯಲ್ಲೂ ಇಂಗ್ಲಿಷಿನಲ್ಲೂ ಟೈಪ್ ಮಾಡಿದ ಹಾಳೆಯನ್ನು ಮರದ ತೊಗಟೆಗೆ ಅಂಟಿಸಿ, ಸುತ್ತಲೂ ತಮ್ಮ ಕುಲಗಳ ವಿನ್ಯಾಸಗಳನ್ನು ಬರೆದಿದ್ದರು. (ನಾವು ನೀಲಗಿರಿ ಎನ್ನುವ ಮರದ ಬಳಗಕ್ಕೇ ಸೇರಿದ ಮರದ ತೊಗಟೆ ಅದು.) ಸಹಿ ಹಾಕಿದವರು ಇಡೀ ಜನರ ಪ್ರತಿನಿಧಿಗಳಲ್ಲ ಎಂದು ಸಚಿವರು ಕೊಂಕು ತೆಗೆದರು. ಎರಡು ವಾರದಲ್ಲಿ ಹಿರಿಯರ ಹೆಬ್ಬೆಟ್ಟಿನ ಗುರುತುಗಳೊಂದಿಗೆ ಮತ್ತೊಂದು ಅರ್ಜಿ ಹೋಯಿತು. ಹೆಬ್ಬೆಟ್ಟು ಒತ್ತಿದವರನ್ನು ಕಚೇರಿಗಳು ಹೇಗೆ ನೋಡುತ್ತವೆ ಎಂಬುದನ್ನು ನಾನು ನಿಮಗೆ ಹೇಳಬೇಕಾಗಿಲ್ಲ. ಅಕ್ಷರದ ಅರ್ಜಿ ಸರ್ಕಾರಕ್ಕಾಗಿ. ಸುತ್ತಲಿನ ಚಿತ್ರ, ನಾವು ಯಾವ ಅಧಿಕಾರದಿಂದ ಮಾತನಾಡುತ್ತಿದ್ದೇವೆ ಎಂಬುದಕ್ಕೆ ಪುರಾವೆ. ಸಂಸತ್ತು ಚಿತ್ರವನ್ನು ಚೌಕಟ್ಟಿನ ಅಲಂಕಾರ ಎಂದುಕೊಂಡಿತು. ಗಣಿ ನಿಲ್ಲಲಿಲ್ಲ.

ಅವರು ನ್ಯಾಯಾಲಯಕ್ಕೆ ಹೋದರು. ಅಲ್ಲಿ ಹೊರಗಿನವರಿಗೆ ಎಂದೂ ತೋರಿಸದ ಪವಿತ್ರ ವಸ್ತುಗಳನ್ನು ನ್ಯಾಯಮೂರ್ತಿ ಬ್ಲ್ಯಾಕ್‌ಬರ್ನ್ ಅವರಿಗೆ ತೋರಿಸಿದರು. ನಿಮ್ಮಲ್ಲಿ ಮೂಲ ಕ್ರಯಪತ್ರ ಹಾಜರುಪಡಿಸಿದ ಹಾಗೆಯೇ ಎನ್ನಿ. 1971ರ ತೀರ್ಪು ವಿಚಿತ್ರವಾಗಿದೆ. ಈ ಜನರಿಗೆ ಸುವ್ಯವಸ್ಥಿತ ಕಾನೂನು ಇದೆ ಎಂದು ಅವರು ಒಪ್ಪಿದರು. ನೆಲದ ಮೇಲೆ ಒಡೆತನಕ್ಕಿಂತ ನೆಲದ ಬಗೆಗಿನ ಹೊಣೆಯೇ ಇವರಲ್ಲಿ ಬಲವಾಗಿದೆ ಎಂದೂ ಕಂಡರು. ಆದರೆ ಮಾರಲು, ಇತರರನ್ನು ಹೊರಗಿಡಲು ಬರುವಂಥ ಆಸ್ತಿಹಕ್ಕಿನ ರೂಪದಲ್ಲಿ ಅದು ಇಲ್ಲವಾದ್ದರಿಂದ ಇಂಗ್ಲಿಷ್ ಕಾನೂನಿಗೆ ಅದು ಕಾಣಿಸದು ಎಂದು ದಾವೆ ವಜಾ ಮಾಡಿದರು. ಹೊಣೆ ಹೆಚ್ಚಾದದ್ದೇ ಹಕ್ಕಿಗೆ ಮುಳುವಾಯಿತು! ಆ ಸೋಲಿನ ಒತ್ತಡದಿಂದಲೇ 1976ರಲ್ಲಿ, ಆರ್ನ್‌ಹೆಮ್ ಲ್ಯಾಂಡ್ ಸೇರಿರುವ ನಾರ್ದರ್ನ್ ಟೆರಿಟರಿಗೆ ಭೂಹಕ್ಕು ಕಾಯ್ದೆ ಬಂತು. 1992ರಲ್ಲಿ ಅಲ್ಲಿನ ಅತ್ಯುನ್ನತ ನ್ಯಾಯಾಲಯ ಕೊಟ್ಟ ಮಾಬೊ ತೀರ್ಪಿನಲ್ಲಿ, ಬ್ರಿಟಿಷರು ಬಂದಾಗ ಅದು ಯಾರದೂ ಅಲ್ಲದ ನೆಲವಾಗಿತ್ತು ಎಂಬ ವಾದವೇ ಬಿದ್ದುಹೋಯಿತು. ಹಕ್ಕು ಮಾನ್ಯತೆ ಕೋರುವ ಅರ್ಜಿಗಳಿಗೆ ದಾರಿಯಾದದ್ದು ಅದು.

ಇಂಥ ಪುರಾವೆ ನಮ್ಮ ಕಚೇರಿಗಳಲ್ಲಿ ನಡೆಯದು ಎಂದು ಪತ್ರದಲ್ಲಿ ಇನ್ನೊಂದು ಕಡೆ ಹೇಳಿದ್ದೀರಿ. ನಮ್ಮ ಅರಣ್ಯ ಹಕ್ಕು ಕಾಯ್ದೆಯ 2008ರ ನಿಯಮಗಳನ್ನೊಮ್ಮೆ ತೆಗೆದು ನೋಡಿ: ಊರಿನ ಹಿರಿಯರ ಹೇಳಿಕೆ, ಹಳೆಯ ಬಾವಿ, ಸಮಾಧಿ, ಪೂಜಾಸ್ಥಳ ಎಲ್ಲವನ್ನೂ ಅವು ಪುರಾವೆಯ ಪಟ್ಟಿಯಲ್ಲಿ ಸೇರಿಸಿವೆ. ನಡೆಯುತ್ತದೋ ಇಲ್ಲವೋ ಎಂಬುದು ಬೇರೆ ವಿಷಯ.

ಇನ್ನು ನಕಲಿನ ಪ್ರಶ್ನೆ. ಕಲೆ ಎಲ್ಲರ ಸೊತ್ತು ಎಂಬ ಮಾತನ್ನು ನಾನು ಹಿಂದೆಗೆದುಕೊಳ್ಳುವುದಿಲ್ಲ. ನೋಡುವ ಸುಖ ಎಲ್ಲರದೂ ಹೌದು. ಆದರೆ ಈ ಮೇಲಿನದನ್ನೆಲ್ಲ ಒಪ್ಪಿದ ಮೇಲೆ, ಬೇರೆಯವರ ಹಕ್ಕುಪತ್ರವನ್ನು ಅಂಗಡಿಯಲ್ಲಿ ಅಚ್ಚು ಹಾಕಿಸಿ ಮಾರುವುದು ಕಲಾಪ್ರೇಮ ಎಂದು ನೀವೂ ಒಪ್ಪಲಾರಿರಿ. ತೊಂಬತ್ತರ ದಶಕದಲ್ಲಿ ಪರ್ತ್‌ನ ಕಂಪನಿಯೊಂದು ವಿಯೆಟ್ನಾಮಿನಲ್ಲಿ ನೇಯಿಸಿದ ರತ್ನಗಂಬಳಿಗಳನ್ನು ತರಿಸಿತು. ವಿನ್ಯಾಸಗಳು ಮೂಲನಿವಾಸಿ ಕಲಾವಿದರ ಕೃತಿಗಳ ನಕಲು. ಕಲಾವಿದರಿಗೆ ಗೌರವಧನ ಸಲ್ಲುತ್ತದೆ ಎಂದು ಗಂಬಳಿಗೆ ಕಟ್ಟಿದ ಚೀಟಿ ಹೇಳುತ್ತಿತ್ತು. ಅವರನ್ನು ಯಾರೂ ಕೇಳಿಯೇ ಇರಲಿಲ್ಲ. ಅದರಲ್ಲಿ ಯೋಲ್ಙು ಕಲಾವಿದೆ ಬಂದುಕ್ ಮರಿಕಾ ಅವರ ಒಂದು ಕೃತಿಯೂ ಇತ್ತು: ಪವಿತ್ರ ಹೊಂಡದ ಬಳಿಯ ಉಡಗಳು. ಅವರ ಕುಲದ ಸೃಷ್ಟಿಕಥೆಯ ಜಾಗ ಅದು. ಅದನ್ನು ಬರೆಯುವ ಹಕ್ಕು ಅವರಿಗೆ ಹುಟ್ಟಿನಿಂದ ಬಂದದ್ದು, ಕೆಟ್ಟ ಬಳಕೆಯಾಗದಂತೆ ನೋಡಿಕೊಳ್ಳುವ ಹೊಣೆಯೂ ಅದರೊಂದಿಗೇ ಬಂದದ್ದು. ಜನ ಅದರ ಮೇಲೆ ಕಾಲಿಟ್ಟು ಓಡಾಡುವಂತಾದಾಗ ಅವರ ಕಟ್ಟಳೆಯಲ್ಲಿ ಹೊಣೆ ಹೊರಬೇಕಾದದ್ದು ಕಂಪನಿಯಲ್ಲ, ಇವರು. 1994ರಲ್ಲಿ ನ್ಯಾಯಾಲಯ 1,88,000 ಡಾಲರಿಗೂ ಹೆಚ್ಚು ಪರಿಹಾರ ವಿಧಿಸಿತು. ಕಲಾವಿದರು ತಮ್ಮ ಸಮುದಾಯದಲ್ಲಿ ಅನುಭವಿಸಿದ ಅವಮಾನವನ್ನೂ ನಷ್ಟದ ಲೆಕ್ಕಕ್ಕೆ ಹಿಡಿಯಿತು. ಕೃತಿಸ್ವಾಮ್ಯದ ಕಾನೂನು ಈಗಲೂ ಒಬ್ಬ ಕಲಾವಿದನನ್ನು ಕಾಣುತ್ತದೆ, ಅವನ ಹಿಂದಿರುವ ಕುಲವನ್ನು ಕಾಣುವುದಿಲ್ಲ. ಆ ಕೊರತೆ ಇನ್ನೂ ತುಂಬಿಲ್ಲ.

ಸರ್ಕಾರವೂ ಇದರಲ್ಲಿ ಹಿಂದೆ ಬಿದ್ದಿರಲಿಲ್ಲ. 1966ರಲ್ಲಿ ಆಸ್ಟ್ರೇಲಿಯಾ ಹೊಸ ಒಂದು ಡಾಲರ್ ನೋಟು ತಂದಾಗ ಅದರ ಮೇಲಿದ್ದದ್ದು ಮೂಲನಿವಾಸಿ ಕಲಾವಿದ ಡೇವಿಡ್ ಮಲಂಗಿ ಅವರ ತೊಗಟೆಚಿತ್ರ. ಅವರಿಗೆ ಗೊತ್ತೇ ಇರಲಿಲ್ಲ. ವಿಷಯ ಬಯಲಾದ ಮೇಲೆ ಅವರಿಗೆ ಸಿಕ್ಕಿದ್ದು ಸಾವಿರ ಡಾಲರ್, ಒಂದು ಪದಕ ಮತ್ತು ಮೀನು ಹಿಡಿಯುವ ಸಾಮಾನು.

ಚುಕ್ಕಿಗಳ ಬಗ್ಗೆಯೂ ಒಂದು ಮಾತು. ಚುಕ್ಕಿಚಿತ್ರ ಎಂದು ಜಗತ್ತು ಗುರುತಿಸುವ ಶೈಲಿ ಕ್ಯಾನ್ವಾಸಿಗೆ ಬಂದದ್ದು 1971ರ ನಂತರ, ಆಲಿಸ್ ಸ್ಪ್ರಿಂಗ್ಸ್‌ನ ಪಶ್ಚಿಮಕ್ಕಿರುವ ಪಪುನ್ಯದಲ್ಲಿ. ಮೊದಮೊದಲ ಚಿತ್ರಗಳಲ್ಲಿ ದೀಕ್ಷೆಯಿಲ್ಲದವರು ನೋಡಬಾರದ ಗುರುತುಗಳು ಬಂದುಬಿಟ್ಟಿದ್ದವು. ಅದಕ್ಕೆ ಆಕ್ಷೇಪ ಬಂದ ಮೇಲೆ ಚುಕ್ಕಿಗಳು ದಟ್ಟವಾಗುತ್ತಾ ಹೋದವು. ನಿಮಗೆ ಅಲ್ಲಿ ಏನೂ ಕಾಣದಿದ್ದರೆ, ಕಾಣದಂತೆ ಬರೆದಿರುವುದೂ ಒಂದು ಕಾರಣ.

ದಾಖಲಾದ ಮಾತ್ರಕ್ಕೆ ನೆಲ ಉಳಿಯಿತು ಎಂದು ಮಾತ್ರ ತಿಳಿಯಬೇಡಿ. 2020ರ ಮೇ ತಿಂಗಳಲ್ಲಿ ಪಶ್ಚಿಮ ಆಸ್ಟ್ರೇಲಿಯಾದ ಜೂಕನ್ ಕಮರಿಯಲ್ಲಿ ರಿಯೊ ಟಿಂಟೊ ಕಂಪನಿ ಕಬ್ಬಿಣದ ಅದಿರಿಗಾಗಿ ಎರಡು ಗುಹೆಗಳನ್ನು ಸಿಡಿಸಿತು. ಒಂದರಲ್ಲಿ 46,000 ವರ್ಷಗಳ ಮನುಷ್ಯವಾಸದ ಕುರುಹಿತ್ತು. ಅಲ್ಲಿ ಸಿಕ್ಕ ನಾಲ್ಕು ಸಾವಿರ ವರ್ಷ ಹಳೆಯ ಕೂದಲಿನ ಹೆಣಿಗೆಯ ನಂಟು ಈಗಿನ ವಾರಸುದಾರರೊಂದಿಗೇ ಕೂಡುತ್ತದೆಂದು ಡಿಎನ್‌ಎ ಪರೀಕ್ಷೆ ತೋರಿಸಿತ್ತು. ಹಕ್ಕು ಯಾರದೆಂಬ ಬಗ್ಗೆ ಅನುಮಾನವೇ ಇರಲಿಲ್ಲ. ಸಿಡಿಸಲು ಸರ್ಕಾರದ ಪರವಾನಗಿಯೂ ಇತ್ತು.

ಕೊನೆಗೆ ನಿಮ್ಮ ಶ್ರೀಮತಿಯವರ ಪ್ರಶ್ನೆ. ಧಾರಾಳವಾಗಿ ಕೊಳ್ಳಿ, ಕೊಳ್ಳುವುದಕ್ಕೆ ಯಾರ ಅಪ್ಪಣೆಯೂ ಬೇಡ. ಬರೆದವರು ಮಾರಲೆಂದೇ ಬರೆದಿದ್ದಾರೆ, ಎಷ್ಟೋ ಊರುಗಳಿಗೆ ಅದೇ ಮುಖ್ಯ ಆದಾಯ. ಆದರೆ ಪ್ರವಾಸಿಗರ ಅಂಗಡಿಗಳಲ್ಲಿ ಹುಷಾರು. ಮೂಲನಿವಾಸಿ ಶೈಲಿಯ ಸ್ಮರಣಿಕೆಗಳಿಗಾಗಿ ಜನ ಖರ್ಚು ಮಾಡುವ ಹಣದಲ್ಲಿ ಅರ್ಧಕ್ಕಿಂತ ಹೆಚ್ಚು ನಕಲಿ ಮಾಲಿಗೆ ಹೋಗುತ್ತದೆಂದು 2022ರಲ್ಲಿ ಅಲ್ಲಿನ ಉತ್ಪಾದಕತಾ ಆಯೋಗ ವರದಿ ಮಾಡಿದೆ. ಇಂಡೋನೇಷ್ಯಾದಲ್ಲಿ ಮಾಡಿಸಿದ ಬೂಮರಾಂಗ್‌ಗಳನ್ನು ಮೂಲನಿವಾಸಿಗಳ ಕೈಕೆಲಸವೆಂದು ಮಾರಿದ ಕಂಪನಿಯೊಂದಕ್ಕೆ 2019ರಲ್ಲಿ 23 ಲಕ್ಷ ಡಾಲರ್ ದಂಡ ಬಿದ್ದಿತ್ತು. ಚಿತ್ರ ಬರೆದವರ ಹೆಸರು, ಊರು, ಯಾವ ಕಲಾಕೇಂದ್ರದ ಮೂಲಕ ಬಂದದ್ದು ಎಂಬ ಪ್ರಮಾಣಪತ್ರ ಕೇಳಿ. ಯಾವ ನೆಲದ ಕಥೆ ಎಂದೂ ಅದರಲ್ಲಿ ಸಾಮಾನ್ಯವಾಗಿ ಬರೆದಿರುತ್ತಾರೆ. ಕಾಗದಪತ್ರ ಪರಿಶೀಲಿಸುವುದನ್ನು ನಿಮಗೆ ನಾನು ಕಲಿಸಬೇಕೆ?

ಙುರ್ರಾರ ಪಟದ ಮನೆ ಫಿಟ್ಜ್‌ರಾಯ್ ಕ್ರಾಸಿಂಗ್‌ನಲ್ಲಿದೆ. ಸಿಡ್ನಿಯಿಂದ ಅದು ಖಂಡದ ಆ ಮೂಲೆ, ಈ ವಯಸ್ಸಿನಲ್ಲಿ ಆಗದು. ಯಿರ್ಕಲಾದ ತೊಗಟೆ ಅರ್ಜಿಗಳು ಮಾತ್ರ ಕ್ಯಾನ್‌ಬೆರಾದ ಸಂಸತ್ ಭವನದಲ್ಲಿವೆ. ಸಿಡ್ನಿಯಿಂದ ಬಸ್ಸಿನಲ್ಲಿ ಮೂರೂವರೆ ಗಂಟೆಯ ದಾರಿ, ಪ್ರವೇಶಕ್ಕೆ ಶುಲ್ಕವಿಲ್ಲ. ನೋಡಿ ಬಂದ ಮೇಲೂ ತಕರಾರು ಉಳಿದಿದ್ದರೆ ಬರೆಯಿರಿ, ಪ್ರಕಟಿಸುತ್ತೇವೆ.

– ಸಂ.